ರಾಜ್ಮಾ ಆಲೂ ಟಿಕ್ಕಿ: ಕಾವಲಿ ಮೇಲೆ ಒಡೀದೇ ಇರೋ ಹಾಗೆ ಮಾಡೋದು ಹೇಗೆ

ಟಿಕ್ಕಿ ಅಂದ್ರೆ ಆಲೂಗಡ್ಡೆ ಬೇಯ್ಸಿ ಕಿವುಚಿ ತಟ್ಟಿ ಕಾವಲಿ ಮೇಲೆ ಹಾಕೋದು ತಾನೇ, ಅದಕ್ಕೆ ಇಷ್ಟುದ್ದ ಬರೀಬೇಕಾ ಅಂತ ನಿಮಗೆ ಅನ್ಸಬಹುದು. ನಂಗೂ ಹಾಗೇ ಅನ್ಸಿತ್ತು. ಮದುವೆಯಾದ ಹೊಸದ್ರಲ್ಲಿ ಒಂದು ಭಾನುವಾರ ಸಂಜೆ ಮನೆಗೆ ಹತ್ತು ಜನ ಬರ್ತಾರೆ ಅಂತ ಗೊತ್ತಾಗಿ, ಬರೀ ಆಲೂ ಯಾಕೆ ರಾಜ್ಮಾನೂ ಹಾಕೋಣ ಅಂತ ಭಾರೀ ಉತ್ಸಾಹದಲ್ಲಿ ಶುರು ಮಾಡ್ದೆ, ಮೊದಲನೇ ಟಿಕ್ಕಿ ಎಣ್ಣೆಗೆ ಬಿಟ್ಟ ತಕ್ಷಣ ನಾಲ್ಕು ಚೂರಾಯ್ತು, ಎರಡನೇದು ಎಣ್ಣೇಲಿ ಕರಗೇ ಹೋಯ್ತು, ಮೂರನೇದಕ್ಕೆ ಎರಡು ಮುಷ್ಟಿ ಮೈದಾ ಸುರಿದೆ, ಅದು ಒಡೀಲಿಲ್ಲ ಆದ್ರೆ ಕಚ್ಚಿದ್ರೆ ಹಲ್ಲಿಗೆ ಅಂಟ್ಕೊಳ್ತಿತ್ತು. ಕೊನೆಗೆ ಎಲ್ಲಾನೂ ಬಾಣಲೆಗೆ ಹಾಕಿ ಕೆದಕಿ, ಮೇಲೆ ಕೊತ್ತಂಬರಿ ಸೊಪ್ಪು ಉದುರಿಸಿ ತಂದಿಟ್ರೆ ನಮ್ಮತ್ತೆ ತಟ್ಟೆ ನೋಡಿ "ಏನಮ್ಮಾ ಇದು, ರಾಜ್ಮಾ ಉಪ್ಪಿಟ್ಟಾ?" ಅಂದ್ರು. ಬಂದವರು ಪಾಪ ಚೆನ್ನಾಗಿದೆ ಅಂತ ತಿಂದ್ರು. ಇವತ್ತಿಗೂ ನಮ್ಮನೇಲಿ ಟಿಕ್ಕಿ ಅಂದ್ರೆ ಯಾರಾದ್ರೂ ಒಬ್ರು ಉಪ್ಪಿಟ್ಟಿನ ಸುದ್ದಿ ತೆಗೀತಾರೆ.

ಆಮೇಲೆ ಎಷ್ಟೋ ಸಲ ಕೆಡಿಸ್ಕೊಂಡು ಕಲ್ತಿದ್ದು ಏನಂದ್ರೆ ಟಿಕ್ಕಿ ಒಡಿಯೋದಕ್ಕೆ ಮುಖ್ಯ ಕಾರಣ ನೀರು. ರಾಜ್ಮಾ ಕುಡಿದಿರೋ ನೀರು, ಆಲೂಗಡ್ಡೆ ಒಳಗಿನ ನೀರು, ಈರುಳ್ಳಿ ಬಿಡೋ ನೀರು, ತೊಳೆದು ಹಾಗೇ ಹೆಚ್ಚಿದ ಸೊಪ್ಪಿನ ನೀರು, ಎಲ್ಲಾ ಸೇರಿ ಬಿಸಿ ಎಣ್ಣೆಗೆ ಬಿದ್ದ ಕೂಡ್ಲೇ ಹಬೆಯಾಗಿ ಹೊರಗೆ ನುಗ್ಗತ್ತೆ, ನುಗ್ಗೋವಾಗ ಟಿಕ್ಕೀನ ಸೀಳ್ಕೊಂಡೇ ಬರತ್ತೆ. ಆಗ ನಾವು ಮಾಡೋದು ಏನು, ಹಿಟ್ಟು ಸುರಿಯೋದು. ಹಿಟ್ಟು ಜಾಸ್ತಿ ಆದಷ್ಟೂ ರುಚಿ ಸಪ್ಪೆ, ಒಳಗೆ ಅಂಟಂಟು. ಹಿಟ್ಟು ಜಾಸ್ತಿ ಮಾಡೋ ಬದ್ಲು ನೀರು ಕಮ್ಮಿ ಮಾಡೋದು ಹೇಗೆ ಅನ್ನೋದೇ ಈ ಇಡೀ ಬರಹ ಅಂದ್ಕೊಳ್ಳಿ.

ಈ ಅಳತೇಲಿ ಸುಮಾರು 15 ಟಿಕ್ಕಿ ಆಗತ್ತೆ, ನಾಲ್ಕೈದು ಜನಕ್ಕೆ ಸಾಕು.

ರಾಜ್ಮಾ ಒಣಗಿದ್ದು 150 ಗ್ರಾಂ (ಮುಕ್ಕಾಲು ಕಪ್ಪಿಗಿಂತ ಸ್ವಲ್ಪ ಜಾಸ್ತಿ)
ಆಲೂಗಡ್ಡೆ 400 ಗ್ರಾಂ, ಅಂದ್ರೆ ಮಧ್ಯಮ ಗಾತ್ರದ್ದು ನಾಲ್ಕು
ಈರುಳ್ಳಿ ದೊಡ್ಡದು ಒಂದು
ಶುಂಠಿ ಒಂದಿಂಚು, ಹಸಿಮೆಣಸಿನಕಾಯಿ ಮೂರು, ಕೊತ್ತಂಬರಿ ಸೊಪ್ಪು ಒಂದು ಹಿಡಿ
ಜೀರಿಗೆ 1 ಟೀ ಚಮಚ, ಓಂಕಾಳು ಅರ್ಧ ಟೀ ಚಮಚ, ಇಂಗು ದೊಡ್ಡ ಚಿಟಿಕೆ
ಧನಿಯ ಪುಡಿ 2 ಟೀ ಚಮಚ, ಅಚ್ಚಖಾರದ ಪುಡಿ 1, ಗರಂ ಮಸಾಲ 1, ಆಮಚೂರ್ 1, ಅರಿಶಿನ ಕಾಲು ಟೀ ಚಮಚ
ತೆಳು ಅವಲಕ್ಕಿ ಹುರಿದು ಪುಡಿ ಮಾಡಿದ್ದು 3 ಟೇಬಲ್ ಚಮಚ, ಅಕ್ಕಿ ಹಿಟ್ಟು 2 ಟೇಬಲ್ ಚಮಚ
ಉಪ್ಪು, ಎಣ್ಣೆ

ಮೊದ್ಲು ರಾಜ್ಮಾ

ಅಂಗಡೀಲಿ ಸಾಮಾನ್ಯವಾಗಿ ಮೂರು ತರ ಸಿಗತ್ತೆ. ದೊಡ್ಡದಾಗಿ ಕಡುಗೆಂಪು ಬಣ್ಣದ್ದು, ಚಿಕ್ಕದಾಗಿ ಕೆಂಪಗಿರೋ ಜಮ್ಮು ರಾಜ್ಮಾ, ಆಮೇಲೆ ತಿಳಿ ಬಣ್ಣದ ಮೇಲೆ ಕೆಂಪು ಚುಕ್ಕಿ ಗೀಟು ಇರೋ ಚಿತ್ರಾ ರಾಜ್ಮಾ. ಟಿಕ್ಕಿಗೆ ನನ್ನ ಓಟು ಚಿತ್ರಾಗೆ, ಯಾಕಂದ್ರೆ ಅದರ ಸಿಪ್ಪೆ ತೆಳು, ಬೆಂದ ಮೇಲೆ ಒಳಗೆ ಹಿಟ್ಟುಹಿಟ್ಟಾಗಿ ಬರತ್ತೆ. ಕಡುಗೆಂಪು ನೋಡೋಕೆ ಚೆಂದ ಆದ್ರೆ ಸಿಪ್ಪೆ ದಪ್ಪ, ಟಿಕ್ಕಿ ತಿನ್ನೋವಾಗ ಬಾಯಲ್ಲಿ ಸಿಪ್ಪೆ ಉಳ್ಕೊಳ್ಳತ್ತೆ.

ರಾತ್ರಿ ನೆನೆಹಾಕಿ, ಕಮ್ಮಿ ಅಂದ್ರೂ ಎಂಟು ಗಂಟೆ. ನೆನೆಸೋ ನೀರಿಗೆ ಒಂದು ಚಮಚ ಉಪ್ಪು ಹಾಕಿ. ಉಪ್ಪು ಹಾಕಿದ್ರೆ ಕಾಳು ಬೇಯಲ್ಲ ಅಂತ ನಮ್ಮಜ್ಜಿ ಕಾಲದಿಂದ ಹೇಳ್ಕೊಂಡು ಬಂದಿದಾರೆ, ಮಾಡಿ ನೋಡಿದ್ರೆ ಉಲ್ಟಾ, ಉಪ್ಪು ನೀರಲ್ಲಿ ನೆಂದ ರಾಜ್ಮಾದ ಸಿಪ್ಪೆ ಮೆತ್ತಗಾಗತ್ತೆ, ಬೇಯೋವಾಗ ಸಿಡಿದು ಹೋಗೋದೂ ಕಮ್ಮಿ. ಕಾಳು ಬೇಯದೇ ಇರೋದಕ್ಕೆ ನಿಜವಾದ ಕಾರಣ ಎರಡು, ಒಂದು ಕಾಳು ಹಳೇದಾಗಿರೋದು, ಇನ್ನೊಂದು ನೀರು ಗಡಸಾಗಿರೋದು. ಬೋರ್‌ವೆಲ್ ನೀರಲ್ಲಿ ಕ್ಯಾಲ್ಸಿಯಂ ಜಾಸ್ತಿ ಇರತ್ತೆ, ಅದು ಸಿಪ್ಪೇನ ಇನ್ನೂ ಗಟ್ಟಿ ಮಾಡತ್ತೆ. ನಾವು ಕಾವೇರಿ ನೀರಿನ ಮನೆಯಿಂದ ಬೋರ್‌ವೆಲ್ ನೀರಿನ ಮನೆಗೆ ಬಂದಾಗ ಅದೇ ಅಂಗಡಿ ರಾಜ್ಮಾ ಅದೇ ಕುಕ್ಕರ್, ಎಷ್ಟು ಕೂಗಿಸಿದ್ರೂ ಕಲ್ಲು ಕಲ್ಲು, ಗ್ಯಾಸ್‌ಕೆಟ್ ಹೋಗಿದೆ ಅಂತ ಹೊಸದು ತಂದು ಹಾಕಿ ದುಡ್ಡು ದಂಡ ಮಾಡ್ಕೊಂಡೆ. ಈಗ ಕುಡಿಯೋಕೆ ಅಂತ ಫಿಲ್ಟರ್ ಮಾಡಿರೋ ನೀರಲ್ಲೇ ನೆನೆಸ್ತೀನಿ, ಬೇಯ್ಸೋದೂ ಅದ್ರಲ್ಲೇ. ಅದೂ ಆಗಲ್ಲ ಅಂದ್ರೆ ಚಿಟಿಕೆ ಅಡುಗೆ ಸೋಡಾ ಹಾಕಿ, ಜಾಸ್ತಿ ಬೇಡ, ಸೋಪಿನ ರುಚಿ ಬರತ್ತೆ.

ಬೆಳಗ್ಗೆ ನೆನೆಸಿದ ನೀರು ಚೆಲ್ಲಿ, ಎರಡು ಸಲ ತೊಳೆದು, ಹೊಸ ನೀರು ಹಾಕಿ. ಪೋಷಕಾಂಶ ಹೋಗತ್ತೆ ಅಂತ ನೆನೆಸಿದ ನೀರಲ್ಲೇ ಬೇಯ್ಸೋರಿದಾರೆ, ರಾಜ್ಮಾ ವಿಷಯದಲ್ಲಿ ಅದು ಬೇಡ. ಹೊಟ್ಟೆ ಉಬ್ಬರ ಮಾಡೋ ಅಂಶ ಒಂದಿಷ್ಟು ಆ ನೀರಲ್ಲೇ ಹೋಗತ್ತೆ.

ಇಲ್ಲಿ ಒಂದು ವಿಷ್ಯ ಸೀರಿಯಸ್ಸಾಗಿ ತಗೊಳ್ಳಿ. ಹಸಿ ರಾಜ್ಮಾದಲ್ಲಿ ಫೈಟೋಹೀಮಗ್ಲುಟಿನಿನ್ ಅಂತ ಒಂದು ಪ್ರೋಟೀನ್ ಇದೆ, ಅರೆಬೆಂದ ನಾಲ್ಕೈದು ಕಾಳು ಹೊಟ್ಟೆಗೆ ಹೋದ್ರೂ ಒಂದೆರಡು ಗಂಟೇಲಿ ಜೋರು ವಾಂತಿ ಭೇದಿ ಆಗಬಹುದು. ಕುಕ್ಕರಲ್ಲಿ ಪೂರ್ತಿ ಬೇಯ್ಸೋರಿಗೆ ಚಿಂತೆ ಇಲ್ಲ, ಆ ಬಿಸಿಗೆ ಅದು ನಾಶ ಆಗತ್ತೆ. ಆದ್ರೆ ಸ್ಲೋ ಕುಕ್ಕರ್ ಅಂತ ಬಂದಿದೆಯಲ್ಲ, ಅದ್ರಲ್ಲಿ ಹಸಿ ರಾಜ್ಮಾ ಹಾಕಿ ಬೆಳಗ್ಗೆ ಆಫೀಸಿಗೆ ಹೋಗಿಬಿಡೋದು ಒಳ್ಳೇದಲ್ಲ, ಅದರ ಬಿಸಿ ಕುದಿಯೋ ಮಟ್ಟಕ್ಕೆ ಬರದೇ ಇರಬಹುದು, ಆಗ ಕಾಳು ಮೆತ್ತಗಾಗಿರತ್ತೆ ಆದ್ರೆ ವಿಷ ಹಾಗೇ ಇರತ್ತೆ. ಬರೀ ಪಾತ್ರೇಲಿ ಬೇಯ್ಸೋದಾದ್ರೆ ಮೊದಲ ಅರ್ಧ ಗಂಟೆ ಕೊತಕೊತ ಕುದೀಬೇಕು, ಆಮೇಲೆ ಉರಿ ಸಣ್ಣ ಮಾಡ್ಕೊಳ್ಳಿ.

ಕುಕ್ಕರಲ್ಲಿ ಕಾಳು ಮುಳುಗಿ ಎರಡು ಬೆರಳು ಮೇಲೆ ನಿಲ್ಲೋವಷ್ಟು ನೀರು, ಅರ್ಧ ಚಮಚ ಉಪ್ಪು. ಜೋರು ಉರೀಲಿ ಒಂದು ವಿಷಲ್, ಆಮೇಲೆ ಸಣ್ಣ ಉರೀಲಿ 15 ನಿಮಿಷ, ಪ್ರೆಷರ್ ತಾನಾಗೇ ಇಳೀಲಿ. ಒಂದು ಕಾಳು ತಗೊಂಡು ಎರಡು ಬೆರಳ ಮಧ್ಯೆ ಒತ್ತಿದ್ರೆ ಬೆಣ್ಣೆ ತರ ಒತ್ತೋಗ್ಬೇಕು, ಮಧ್ಯದಲ್ಲಿ ಗಟ್ಟಿ ಸಿಕ್ಕಿದ್ರೆ ಇನ್ನೊಂದು ಐದು ನಿಮಿಷ ಬೇಯ್ಸಿ. ಪಲ್ಯಕ್ಕಾದ್ರೆ ಸ್ವಲ್ಪ ಗಟ್ಟಿ ನಡೆಯತ್ತೆ, ಟಿಕ್ಕಿಗೆ ನಡೆಯಲ್ಲ, ಗಟ್ಟಿ ಕಾಳು ಇದ್ದ ಕಡೆ ಟಿಕ್ಕಿ ಬಿರುಕು ಬಿಡೋಕೆ ಶುರು ಮಾಡತ್ತೆ.

ಈಗ ಬಸಿಯೋದು. ತೂತಿನ ಬುಟ್ಟೀಲಿ ಬಸಿದು ಐದು ನಿಮಿಷಕ್ಕೇ ತಗೊಂಡುಬಿಡ್ಬೇಡಿ. ಅರ್ಧ ಗಂಟೆ ಬಿಡಿ, ಆಮೇಲೆ ಒಂದು ಹಳೇ ಪಂಚೆ ಬಟ್ಟೆ ಮೇಲೆ ಹರವಿ ಫ್ಯಾನ್ ಕೆಳಗೆ ಇನ್ನೊಂದು 15 ನಿಮಿಷ. ಬಸಿದ ನೀರು ಚೆಲ್ಲೋದು ಬೇಡ, ಸಾರಿಗೋ ಚಪಾತಿ ಹಿಟ್ಟು ಕಲಸೋದಕ್ಕೋ ಆಗತ್ತೆ.

ಆಲೂಗಡ್ಡೆ

ಹೊಸ ಆಲೂಗಡ್ಡೆ, ಅಂದ್ರೆ ಉಗುರಲ್ಲಿ ಕೆರೆದ್ರೆ ಸಿಪ್ಪೆ ಹಂಗೇ ಬಂದ್ಬಿಡತ್ತಲ್ಲ, ಅದು ಟಿಕ್ಕಿಗೆ ಆಗಲ್ಲ. ಹಾಸನದ ಕಡೆ ಮುಂಗಾರಲ್ಲಿ ಹಾಕಿದ್ದು ಕಿತ್ತು ಮಾರ್ಕೆಟ್ಟಿಗೆ ಬರೋ ಹೊತ್ತಲ್ಲಿ ಇಂಥದ್ದೇ ಜಾಸ್ತಿ ಸಿಗತ್ತೆ, ಹುಳಿಗೆ ಪಲ್ಯಕ್ಕೆ ಬಲು ರುಚಿ, ಆದ್ರೆ ಅದ್ರಲ್ಲಿ ನೀರು ಜಾಸ್ತಿ ಹಿಟ್ಟಿನ ಅಂಶ ಕಮ್ಮಿ, ಕಿವುಚಿದ್ರೆ ಲೋಳೆ ಲೋಳೆ. ಸಿಪ್ಪೆ ದಪ್ಪ ಇರೋ, ಮಣ್ಣು ಒಣಗಿರೋ ಹಳೇ ಆಲೂಗಡ್ಡೆ ಕೇಳಿ ತಗೊಳ್ಳಿ. ಹಾಗಂತ ಮೊಳಕೆ ಬಂದಿರೋದು ಹಸಿರು ತಿರುಗಿರೋದು ಬೇಡವೇ ಬೇಡ. ಇನ್ನೊಂದು, ಆಲೂಗಡ್ಡೇನ ಫ್ರಿಜ್ಜಲ್ಲಿ ಇಡ್ಬೇಡಿ, ತಂಪಲ್ಲಿ ಅದರ ಪಿಷ್ಟ ಸಕ್ಕರೆಯಾಗತ್ತೆ, ಟಿಕ್ಕಿ ಒಳಗೆ ಬಿಸಿಯಾಗೋ ಮುಂಚೇನೇ ಹೊರಗೆ ಕಪ್ಪಾಗತ್ತೆ, ರುಚೀನೂ ಸಿಹಿ ಸಿಹಿ.

ಸಿಪ್ಪೆ ಸಮೇತ ಇಡಿಯಾಗೇ ಬೇಯ್ಸಿ. ಬೇಗ ಆಗ್ಲಿ ಅಂತ ಹೋಳು ಮಾಡಿ ಹಾಕಿದ್ರೆ ಹೆಚ್ಚಿದ ಕಡೆಯಿಂದೆಲ್ಲಾ ನೀರು ಕುಡಿಯತ್ತೆ, ನಮ್ಮ ಉಪ್ಪಿಟ್ಟು ಆಗಿದ್ದು ಹಾಗೇನೇ. ಇನ್ನೂ ಒಳ್ಳೇದು ಅಂದ್ರೆ ಕುಕ್ಕರಲ್ಲಿ ಕೆಳಗೆ ನೀರು ಹಾಕಿ, ಆಲೂಗಡ್ಡೆ ಬೇರೆ ಡಬ್ಬೀಲಿ ನೀರಿಲ್ಲದೇ ಇಟ್ಟು ಹಬೇಲಿ ಬೇಯ್ಸೋದು, ನಾಲ್ಕು ವಿಷಲ್. ಚಾಕು ಸಲೀಸಾಗಿ ಇಳಿದ್ರೆ ಸಾಕು, ಸಿಪ್ಪೆ ಒಡೆದು ಬಾಯಿ ಬಿಡೋ ತನಕ ಬೇಡ.

ಬಿಸಿ ಇದ್ದಾಗ್ಲೇ ಸಿಪ್ಪೆ ತೆಗೀರಿ, ಅಷ್ಟರಲ್ಲಿ ಒಂದಿಷ್ಟು ಹಬೆ ಹೋಗತ್ತೆ, ಆಮೇಲೆ ಪೂರ್ತಿ ಆರೋಕೆ ಬಿಡಿ. ಟೈಮ್ ಇದ್ರೆ ಬೇಯ್ಸಿದ್ದನ್ನ ಒಂದು ಗಂಟೆ ಫ್ರಿಜ್ಜಲ್ಲಿಡಿ (ಹಸಿ ಆಲೂಗಡ್ಡೆ ಮಾತ್ರ ಇಡ್ಬಾರ್ದು, ಬೆಂದಿದ್ದು ಪರವಾಗಿಲ್ಲ). ತಣ್ಣಗಾದ್ರೆ ಪಿಷ್ಟ ಗಟ್ಟಿ ಆಗತ್ತೆ, ಟಿಕ್ಕಿ ಹಿಡ್ಕೊಳ್ಳೋದು ಆಮೇಲೆ ತುಂಬಾ ಸುಲಭ. ಕಿವುಚೋ ಬದ್ಲು ತುರಿಯೋ ಮಣೇಲಿ ತುರೀರಿ, ಗಂಟು ಇರಲ್ಲ, ಕೈಗೆ ಕೆಲಸಾನೂ ಕಮ್ಮಿ. ಮಿಕ್ಸಿಗೆ ಮಾತ್ರ ದಮ್ಮಯ್ಯ ಹಾಕ್ಬೇಡಿ. ಮಿಕ್ಸಿ ಬ್ಲೇಡಿಗೆ ಆಲೂಗಡ್ಡೆಯ ಪಿಷ್ಟ ಎಲ್ಲಾ ಒಡೆದು ಹೊರಗೆ ಬಂದು ಗೋಂದಾಗತ್ತೆ, ಪೋಸ್ಟರ್ ಅಂಟಿಸಬಹುದು, ಟಿಕ್ಕಿ ಮಾಡೋಕಾಗಲ್ಲ.

ಮಸಾಲೆ

ಹಸಿ ಈರುಳ್ಳಿ ಹಾಕಿದ್ರೆ ಅಂಗಡಿ ಟಿಕ್ಕಿ ತರ ಕರುಂ ಕುರುಂ ಅನ್ನತ್ತೆ ಅನ್ನೋರಿಗೆ ನನ್ನದೊಂದು ಮಾತು, ಉಪ್ಪು ಬಿದ್ದ ಹತ್ತು ನಿಮಿಷಕ್ಕೆ ಈರುಳ್ಳಿ ನೀರು ಬಿಡೋಕೆ ಶುರು ಮಾಡತ್ತೆ, ಮೊದಲ ನಾಲ್ಕು ಟಿಕ್ಕಿ ಚೆನ್ನಾಗಿ ಬಂದು ಕೊನೇ ನಾಲ್ಕು ಒಡೆಯೋದು ಇದಕ್ಕೇನೆ. ಅದಕ್ಕೆ ನಾನು ಹುರಿದೇ ಹಾಕೋದು.

ಬಾಣಲೇಲಿ ಒಂದು ಟೇಬಲ್ ಚಮಚ ಎಣ್ಣೆ ಕಾಯ್ಸಿ ಜೀರಿಗೆ, ಓಂಕಾಳು, ಇಂಗು ಹಾಕಿ. ಓಂಕಾಳನ್ನ ಅಂಗೈಯಲ್ಲಿ ಒಂದು ಸಲ ಉಜ್ಜಿ ಹಾಕಿದ್ರೆ ಘಮ ಬೇರೇನೇ. ರಾಜ್ಮಾ, ಆಲೂ ಎರಡೂ ವಾಯು ಅಂತ ಗೊಣಗೋ ಹಿರಿಯರು ಮನೇಲಿದ್ರೆ ಇಂಗು ಓಂಕಾಳು ಎರಡನ್ನೂ ಮರೀಬೇಡಿ. ಸಣ್ಣಗೆ ಹೆಚ್ಚಿದ ಈರುಳ್ಳಿ ಹಾಕಿ ಅಂಚು ಕಂದು ಬಣ್ಣ ಬರೋ ತನಕ ಹುರೀರಿ, ಜಜ್ಜಿದ ಶುಂಠಿ ಮೆಣಸಿನಕಾಯಿ ಹಾಕಿ ಇನ್ನೊಂದು ನಿಮಿಷ. ಉರಿ ಸಣ್ಣ ಮಾಡಿ ಅರಿಶಿನ, ಧನಿಯ ಪುಡಿ, ಖಾರದ ಪುಡಿ. ಖಾರದ ಪುಡಿಗೆ ಬ್ಯಾಡಗಿ ಮೆಣಸಿನಕಾಯಿದು ಇದ್ರೆ ಕೆಂಪು ಬಣ್ಣ ಚೆನ್ನಾಗಿ ಬರತ್ತೆ ಖಾರ ಮಿತಿ, ಬರೀ ಗುಂಟೂರು ಆದ್ರೆ ಅರ್ಧ ಚಮಚ ಸಾಕು.

ಈಗ ನಾನು ಎಷ್ಟೋ ವರ್ಷ ಆದ್ಮೇಲೆ ಕಂಡ್ಕೊಂಡ ಟ್ರಿಕ್ಕು. ಬಸಿದ ರಾಜ್ಮಾನ ಮ್ಯಾಶರಲ್ಲೋ ಲೋಟದ ತಳದಲ್ಲೋ ಒತ್ತಿ, ಮೂರರಲ್ಲಿ ಎರಡು ಪಾಲು ನುಣ್ಣಗೆ, ಒಂದು ಪಾಲು ತರಿತರಿ ಇರ್ಲಿ, ಅದನ್ನ ಈ ಮಸಾಲೆ ಬಾಣಲೆಗೇ ಹಾಕಿ ಮಧ್ಯಮ ಉರೀಲಿ ನಾಲ್ಕೈದು ನಿಮಿಷ ಕೆದಕ್ತಾ ಇರಿ. ಮೊದ್ಲು ಹಬೆ ಏಳತ್ತೆ, ಆಮೇಲೆ ಹಬೆ ನಿಲ್ಲತ್ತೆ, ಬಾಣಲೆ ತಳ ಬಿಟ್ಟು ಮುದ್ದೆ ತರ ಒಟ್ಟಿಗೆ ಬರತ್ತೆ, ಆಗ ಸ್ಟೌ ಆರ್ಸಿ. ರಾಜ್ಮಾ ನೀರು ಅಲ್ಲಿಗೆ ಮುಗೀತು, ಮಸಾಲೇನೂ ಕಾಳಿಗೆ ಚೆನ್ನಾಗಿ ಹಿಡೀತು. ಗರಂ ಮಸಾಲ, ಆಮಚೂರ್ ಈಗ ಹಾಕಿ. ಹುಳಿಗೆ ನಿಂಬೆಹಣ್ಣು ಹಿಂಡ್ಬೇಡಿ, ಇಷ್ಟೊತ್ತು ಕಷ್ಟಪಟ್ಟು ನೀರು ಓಡ್ಸಿರೋದು ಮತ್ತೆ ನೀರು ಹಾಕೋಕಲ್ಲ, ಆಮಚೂರ್ ಇಲ್ಲ ಅಂದ್ರೆ ತಿನ್ನೋವಾಗ ನಿಂಬೆ ಹಿಂಡ್ಕೊಳ್ಳಿ. ಒಂದು ತಟ್ಟೇಲಿ ಹರವಿ ಪೂರ್ತಿ ಆರ್ಸಿ.

ಕಾಯೋ ಹೊತ್ತಿಗೆ ಒಂದು ತಮಾಷೆ ಹೇಳ್ತೀನಿ. ಇದನ್ನ ನಾವು ಅಪ್ಪಟ ಇಂಡಿಯನ್ ತಿಂಡಿ ಅಂತೀವಲ್ಲ, ಇದ್ರಲ್ಲಿರೋ ರಾಜ್ಮಾ, ಆಲೂಗಡ್ಡೆ, ಮೆಣಸಿನಕಾಯಿ ಮೂರೂ ಮೂಲದಲ್ಲಿ ಅಮೆರಿಕ ಖಂಡದವು, 1498ರಲ್ಲಿ ಪೋರ್ಚುಗೀಸರು ಹಡಗಲ್ಲಿ ಬಂದಿಳಿಯೋ ಮುಂಚೆ ನಮ್ಮಲ್ಲಿ ಯಾರೂ ಇವನ್ನ ಕಂಡಿರ್ಲಿಲ್ಲ. ಜೀರಿಗೆ, ಧನಿಯ, ಶುಂಠಿ, ಇಂಗು ಹಾಕಿ ನಮ್ಮದು ಮಾಡ್ಕೊಂಡಿದೀವಿ ಅಷ್ಟೇ.

ಕಲಸೋದು, ತಟ್ಟೋದು

ಆರಿದ ರಾಜ್ಮಾ ಮುದ್ದೆ, ತುರಿದ ಆಲೂಗಡ್ಡೆ, ಒರೆಸಿ ಒಣಗಿಸಿ ಹೆಚ್ಚಿದ ಕೊತ್ತಂಬರಿ ಸೊಪ್ಪು, ಅವಲಕ್ಕಿ ಪುಡಿ, ಅಕ್ಕಿ ಹಿಟ್ಟು, ರುಚಿಗೆ ಉಪ್ಪು. ಉಪ್ಪು ರಾಜ್ಮಾದಲ್ಲಿ ಆಗ್ಲೇ ಇದೆ ಅನ್ನೋದು ನೆನಪಿರ್ಲಿ. ಬೆರಳ ತುದೀಲಿ ಹಗುರಾಗಿ ಸೇರ್ಸಿ, ಚಪಾತಿ ಹಿಟ್ಟು ನಾದ್ದಂಗೆ ನಾದ್ಬೇಡಿ.

ಅವಲಕ್ಕಿ ಪುಡಿ ಯಾಕೆ ಅಂದ್ರೆ ಅದು ಉಳಿದಿರೋ ಚೂರುಪಾರು ನೀರು ಹೀರ್ಕೊಳ್ಳತ್ತೆ, ಆದ್ರೆ ಹಸಿ ಹಿಟ್ಟಿನ ವಾಸನೆ ಇರಲ್ಲ. ಅಕ್ಕಿ ಹಿಟ್ಟು ಹೊರಗೆ ಗರಿ ಬರೋಕೆ. ಅವಲಕ್ಕಿ ಇಲ್ಲದಿದ್ರೆ ಹುರಿಗಡಲೆ ಪುಡಿ ಮಾಡಿ ಹಾಕಿ, ನಮ್ಮ ಕಡೆ ಡಬ್ಬೀಲಿ ಇದ್ದೇ ಇರತ್ತೆ, ಅದರ ಘಮ ರಾಜ್ಮಾಗೆ ಚೆನ್ನಾಗಿ ಹೊಂದತ್ತೆ. ಬ್ರೆಡ್ ಪುಡಿ, ಕಾರ್ನ್‌ಫ್ಲೋರ್ ಕೂಡಾ ಆಗತ್ತೆ. ನೀರಲ್ಲಿ ನೆನೆಸಿ ಹಿಂಡಿದ ಬ್ರೆಡ್ ಹಾಕೋದು ಹಳೇ ಕಾಲದ ಕಟ್ಲೆಟ್ ಪದ್ಧತಿ, ನಂಗಿಷ್ಟ ಇಲ್ಲ, ಅದು ಎಣ್ಣೆ ಕುಡಿಯತ್ತೆ.

ಈಗ ಎಲ್ಲಾನೂ ಉಂಡೆ ಕಟ್ಟೋಕೆ ಕೂತ್ಕೋಬೇಡಿ. ಒಂದೇ ಒಂದು ಚಿಕ್ಕ ಟಿಕ್ಕಿ ತಟ್ಟಿ ಕಾವಲಿ ಮೇಲೆ ಹಾಕಿ ನೋಡಿ. ಒಡೀತಾ? ಇನ್ನೊಂದು ಚಮಚ ಅವಲಕ್ಕಿ ಪುಡಿ ಸೇರ್ಸಿ ಹತ್ತು ನಿಮಿಷ ಬಿಡಿ. ಉಪ್ಪು ಖಾರ ಕಮ್ಮಿ ಆಯ್ತಾ? ಈಗ್ಲೇ ಸರಿ ಮಾಡ್ಕೊಳ್ಳಿ. ಈ ಪರೀಕ್ಷೆ ಟಿಕ್ಕಿ ಮಾಡಿದೋರ ಹಕ್ಕು, ಯಾರಿಗೂ ಕೊಡ್ಬೇಡಿ.

ಮಿಶ್ರಣಾನ ಮುಚ್ಚಿ ಅರ್ಧ ಗಂಟೆ ಫ್ರಿಜ್ಜಲ್ಲಿಡಿ. ಆಮೇಲೆ ಕೈಗೆ ಎಣ್ಣೆ ಸವರ್ಕೊಂಡು (ನೀರಲ್ಲ!) ದೊಡ್ಡ ನಿಂಬೆಹಣ್ಣಿನ ಗಾತ್ರದ ಉಂಡೆ, ತಕ್ಕಡಿ ಇದ್ರೆ ಸುಮಾರು 55 ಗ್ರಾಂ, ಮಾಡ್ಕೊಂಡು ಅಂಗೈಯಲ್ಲಿ ಒತ್ತಿ. ದಪ್ಪ ಅರ್ಧ ಇಂಚು. ಒತ್ತಿದಾಗ ಅಂಚಲ್ಲಿ ಬಿರುಕು ಬರತ್ತೆ, ಬೆರಳಲ್ಲಿ ಸುತ್ತ ಸವರಿ ಮುಚ್ಚಿಬಿಡಿ, ಈ ಬಿರುಕೇ ಕಾವಲಿ ಮೇಲೆ ದೊಡ್ಡದಾಗೋದು. ಇದು ಅತ್ತೆ ಆಂಬೊಡೆ ತಟ್ಟೋದಕ್ಕೆ ಉಲ್ಟಾ, ಆಂಬೊಡೆಗೆ ಅಂಚು ಬಿರುಕು ಇದ್ರೇನೇ ಗರಿ, ಟಿಕ್ಕಿಗೆ ಅಂಚು ನುಣ್ಣಗಿರ್ಬೇಕು.

ಕಾವಲಿ ಮೇಲೆ

ಬೀಡಿನ ಕಾವಲಿ ಇದ್ರೆ ಅದಕ್ಕಿಂತ ಒಳ್ಳೇದಿಲ್ಲ, ದೋಸೆ ಹೊಯ್ದು ಪಳಗಿರೋದಾದ್ರೆ ಅಂಟೋದೇ ಇಲ್ಲ. ನಾನ್‌ಸ್ಟಿಕ್ ಕೂಡಾ ಆಗತ್ತೆ, ಬಣ್ಣ ಸ್ವಲ್ಪ ಕಮ್ಮಿ. ಮಧ್ಯಮ ಉರೀಲಿ ಚೆನ್ನಾಗಿ ಕಾಯ್ಸಿ ಎರಡು ಮೂರು ಟೇಬಲ್ ಚಮಚ ಎಣ್ಣೆ ಹರಡಿ, ಒಂದು ಸಲಕ್ಕೆ ನಾಲ್ಕೈದೇ ಇಡಿ, ಮಧ್ಯೆ ಜಾಗ ಇರ್ಲಿ. ಒಟ್ಟೊಟ್ಟಿಗೆ ತುಂಬಿದ್ರೆ ಕಾವಲಿ ತಣ್ಣಗಾಗಿ ಟಿಕ್ಕಿ ಹಬೇಲಿ ಬೇಯೋಕೆ ಶುರು ಮಾಡತ್ತೆ, ಗರಿ ಬರಲ್ಲ.

ಇಟ್ಟ ಮೇಲೆ ಮುಟ್ಬೇಡಿ. ಇದು ಹೇಳೋಕೆ ಸುಲಭ ಮಾಡೋಕೆ ಕಷ್ಟ, ಕೈ ತುರಿಸ್ತಿರತ್ತೆ, ಒಂದು ಸಲ ಎತ್ತಿ ನೋಡೋಣ ಅನ್ಸತ್ತೆ. ನಾಲ್ಕು ನಿಮಿಷ ಸುಮ್ನಿರಿ. ತಳದಲ್ಲಿ ಹೊಂಬಣ್ಣದ ಪದರ ಕಟ್ಟಿದ ಮೇಲೆ ಟಿಕ್ಕಿ ತಾನಾಗೇ ಕಾವಲಿ ಬಿಡತ್ತೆ, ಅಲ್ಲೀ ತನಕ ಅಂಟ್ಕೊಂಡೇ ಇರತ್ತೆ, ಎಬ್ಬಿಸಿದ್ರೆ ಅರ್ಧ ಮೇಲೆ ಅರ್ಧ ಕೆಳಗೆ. ಮೊಗಚೋ ಕೈಯನ್ನ ಪೂರ್ತಿ ತಳಕ್ಕೆ ತೂರಿಸಿ ಒಂದೇ ಸಲ ತಿರುವಿ, ಇನ್ನೊಂದು ಕಡೆ ಮೂರು ನಿಮಿಷ, ಸುತ್ತ ಚೂರು ಎಣ್ಣೆ. ಒಳಗಿರೋದೆಲ್ಲಾ ಮುಂಚೇನೇ ಬೆಂದಿರೋದು, ಹಾಗಾಗಿ ಒಳಗೆ ಬೆಂದಿದ್ಯಾ ಅನ್ನೋ ಅನುಮಾನ ಬೇಡ, ಬಣ್ಣ ಬಂದ್ರೆ ಆಯ್ತು. ತೆಗೆದು ತಂತಿ ಜಾಲರಿ ಮೇಲಿಡಿ, ತಟ್ಟೆ ಮೇಲೆ ಒಂದರ ಮೇಲೊಂದು ಪೇರಿಸಿದ್ರೆ ಕೆಳಗಿನದ್ದು ಬೆವರಿ ಮೆತ್ತಗಾಗತ್ತೆ.

ಕರೀಲೇಬೇಕು ಅಂತ ಹಟ ಇರೋರಿಗೆ: ಕಾರ್ನ್‌ಫ್ಲೋರ್ ಮೈದಾ ಸಮಸಮ ಸೇರ್ಸಿ ಮಜ್ಜಿಗೆ ಹದಕ್ಕೆ ಕಲ್ಸಿ, ಟಿಕ್ಕಿ ಅದ್ದಿ, ಚಿರೋಟಿ ರವೇಲಿ ಹೊರಳಿಸಿ ಬಿಡಿ. ಎಣ್ಣೆ 170ರಿಂದ 180 ಡಿಗ್ರಿ, ಥರ್ಮಾಮೀಟರ್ ಯಾರ ಮನೇಲಿರತ್ತೆ, ಒಂದು ಚೂರು ಮಿಶ್ರಣ ಹಾಕಿದ್ರೆ ಒಂದು ಕ್ಷಣ ಮುಳುಗಿ ತಕ್ಷಣ ಮೇಲೆ ಬರ್ಬೇಕು. ಏರ್ ಫ್ರೈಯರಲ್ಲಿ ಎರಡೂ ಕಡೆ ಎಣ್ಣೆ ಸವರಿ 190 ಡಿಗ್ರೀಲಿ 12ರಿಂದ 14 ನಿಮಿಷ, ಮಧ್ಯೆ ಒಂದು ಸಲ ತಿರುವಿ. ಚೆನ್ನಾಗೇ ಆಗತ್ತೆ, ಆದ್ರೆ ಕಾವಲಿದ್ದೇ ರುಚಿ, ಸುಳ್ಳು ಹೇಳಲ್ಲ.

ಡಿಸೆಂಬರ್ ಜನವರೀಲಿ ರಾಜ್ಮಾ ಬಿಟ್ಟು ಅವರೆಕಾಳು

ಸೊಗಡು ಅವರೆಕಾಯಿ ಬೀದಿ ಬೀದೀಲಿ ರಾಶಿ ಬೀಳೋ ಕಾಲಕ್ಕೆ ರಾಜ್ಮಾ ಯಾಕೆ ಬೇಕು. ಮೇಲೆ ಹೇಳಿದ್ನಲ್ಲ ರಾಜ್ಮಾ ಪೋರ್ಚುಗೀಸರು ಬಂದ ಮೇಲೆ ಕಂಡ ಕಾಳು ಅಂತ, ಅವರೆ ಆದ್ರೆ ದಕ್ಷಿಣ ಭಾರತದಲ್ಲಿ ಸಾವಿರಾರು ವರ್ಷದಿಂದ ಬೆಳೀತಿರೋದು. ಬಿಡಿಸಿದ ಕಾಳು ನೀರಲ್ಲಿ ನಾಲ್ಕೈದು ಗಂಟೆ ಇಟ್ಟು ಹಿತುಕಿ ಸಿಪ್ಪೆ ತೆಗೆದ ಬೇಳೆ ಎರಡು ಕಪ್ ತಗೊಳ್ಳಿ. ಹಿತುಕೋ ಕೆಲಸಕ್ಕೆ ಮನೆಮಂದೀನೆಲ್ಲಾ ಟಿವಿ ಮುಂದೆ ಕೂರ್ಸಿ, ಒಬ್ರೇ ಮಾಡಿದ್ರೆ ಟಿಕ್ಕಿ ಮೇಲೇ ವೈರಾಗ್ಯ ಬರತ್ತೆ. ಕುಕ್ಕರ್ ಬೇಡ, ತೆರೆದ ಪಾತ್ರೇಲಿ ಉಪ್ಪು ಹಾಕಿ ಮೆತ್ತಗಾಗೋ ತನಕ, ಎಳೇದಾದ್ರೆ ಹತ್ತು ಹನ್ನೆರಡು ನಿಮಿಷ ಸಾಕು. ಬಸಿದು, ಹರವಿ, ಅದೇ ತರ ಬಾಣಲೇಲಿ ಕೆದಕಿ ನೀರಾರ್ಸಿ. ಗರಂ ಮಸಾಲ ಅರ್ಧಕ್ಕಿಳಿಸಿ, ಆಮಚೂರ್ ಕಮ್ಮಿ, ಕೊತ್ತಂಬರಿ ಬದ್ಲು ಸಬ್ಬಸಿಗೆ ಸೊಪ್ಪು ಒಂದು ಹಿಡಿ, ಎರಡು ಚಮಚ ಒಣಕೊಬ್ಬರಿ ತುರಿ. ಇದಕ್ಕೆ ಈರುಳ್ಳಿ ಬೇಡ, ಸೊಗಡು ಮುಚ್ಚೋಗತ್ತೆ. ನಮ್ಮನೇಲಿ ರಾಜ್ಮಾದಕ್ಕಿಂತ ಇದು ಬೇಗ ಖಾಲಿ.

ಯಾವ್ದರ ಜೊತೆ

ಉತ್ತರದ ಕಡೆ ಮೊಸರು, ಹುಣಸೆ ಖರ್ಜೂರದ ಸಿಹಿ ಚಟ್ನಿ, ಹಸಿರು ಚಟ್ನಿ ಸುರಿದು ಚಾಟ್ ಮಾಡ್ತಾರೆ, ಮುಂಬೈಲಿ ಒಣ ಬಟಾಣಿ ರಗಡಾ ಸುರೀತಾರೆ. ನಾವು ಬೆಂಗಳೂರೋರು, ಮಸಾಲ್ ಪುರಿಗೆ ಮಾಡೋ ಬಿಸಿ ಬಟಾಣಿ ಮಸಾಲೆ ಉಳಿದಿದ್ರೆ ಎರಡು ಟಿಕ್ಕಿ ಮೇಲೆ ಸುರಿದು, ಕ್ಯಾರೆಟ್ ತುರಿ, ಈರುಳ್ಳಿ, ಸೇವ್ ಹಾಕಿ ತಿಂದು ನೋಡಿ. ಆದ್ರೆ ನಿಜ ಹೇಳ್ಬೇಕಂದ್ರೆ ನಮ್ಮನೇಲಿ ಜಾಸ್ತಿ ಹೋಗೋದು ಬಿಸಿ ಅನ್ನ ತಿಳಿಸಾರಿನ ಜೊತೆ ನೆಂಚ್ಕೊಳ್ಳೋಕೆ, ಹಪ್ಪಳದ ಜಾಗದಲ್ಲಿ. ಮಕ್ಕಳ ಡಬ್ಬಿಗೆ ಚಪಾತಿಗೆ ಹಸಿರು ಚಟ್ನಿ ಸವರಿ ಎರಡು ಟಿಕ್ಕಿ ಒಡೆದಿಟ್ಟು ಸುತ್ತಿ ಕೊಡಿ, ಡಬ್ಬಿ ಖಾಲಿಯಾಗಿ ವಾಪಸ್ ಬರತ್ತೆ.

ಹೊರದೇಶದಲ್ಲಿರೋರಿಗೆ ಎರಡು ಮಾತು. ಡಬ್ಬಿ ರಾಜ್ಮಾ ಬೆಂದಿರೋದೇ, ನೆನೆಸೋ ಬೇಯ್ಸೋ ಕೆಲಸ ಇಲ್ಲ, 400 ಗ್ರಾಂ ಡಬ್ಬಿ ಒಂದೂವರೆ ತಗೊಂಡು ಆ ಲೋಳೆ ನೀರು ಹೋಗೋ ಹಂಗೆ ತೊಳೆದು ಬಸಿದು, ಬಾಣಲೇಲಿ ಕೆದಕೋದು ಇನ್ನೂ ಮೂರು ನಿಮಿಷ ಜಾಸ್ತಿ ಮಾಡಿ. ಆಲೂಗಡ್ಡೆ ಅಮೆರಿಕದಲ್ಲಾದ್ರೆ ರಸೆಟ್, ಇಂಗ್ಲೆಂಡಲ್ಲಾದ್ರೆ ಮ್ಯಾರಿಸ್ ಪೈಪರ್, ಎರಡೂ ಹಿಟ್ಟುಹಿಟ್ಟಾಗಿರತ್ತೆ. ಕೆಂಪು ಸಿಪ್ಪೆಯ ಚಿಕ್ಕ ಆಲೂಗಡ್ಡೆ ಸಾಲಡ್ಡಿಗೆ ಇರ್ಲಿ.

ಜಾಸ್ತಿ ಮಾಡಿಟ್ಕೊಳ್ಳೋದಾದ್ರೆ ತಟ್ಟಿದ ಹಸಿ ಟಿಕ್ಕೀನ ತಟ್ಟೇಲಿ ಒಂದಕ್ಕೊಂದು ತಾಗದಂಗೆ ಇಟ್ಟು ಫ್ರೀಜರಲ್ಲಿ ಎರಡು ಮೂರು ಗಂಟೆ ಗಟ್ಟಿ ಮಾಡಿ, ಆಮೇಲೆ ಕವರಿಗೆ ತುಂಬಿ, ಒಂದು ತಿಂಗಳು ಇರತ್ತೆ. ಬೇಕಾದಾಗ ಕರಗಿಸ್ದೇ ನೇರ ಕಾವಲಿಗೆ, ಉರಿ ಸಣ್ಣ, ಮೇಲೊಂದು ಮುಚ್ಚಳ ಐದು ನಿಮಿಷ, ಆಮೇಲೆ ಮುಚ್ಚಳ ತೆಗೆದು ಗರಿ ಮಾಡಿ. ಹೊರಗಿಟ್ಟು ಕರಗಿಸಿದ್ರೆ ಮತ್ತೆ ನೀರು, ಮತ್ತೆ ಅದೇ ಕತೆ. ಕಲಸಿದ ಮಿಶ್ರಣ ಫ್ರಿಜ್ಜಲ್ಲಿ ಮಾರನೇ ದಿನದ ತನಕ ಮಾತ್ರ.

ಇಷ್ಟೆಲ್ಲಾ ಮಾಡಿದ ಮೇಲೂ ಒಂದೆರಡು ಒಡೀಬಹುದು. ಒಡೆದಿದ್ದನ್ನ ಬ್ರೆಡ್ ಮಧ್ಯೆ ಇಟ್ಟು ಬೆಣ್ಣೆ ಹಚ್ಚಿ ಟೋಸ್ಟ್ ಮಾಡಿ, ಇಲ್ಲಾ ಮಾರನೇ ದಿನ ಅಕ್ಕಿ ರೊಟ್ಟಿ ಹಿಟ್ಟಿಗೆ ಕಲ್ಸಿ ತಟ್ಟಿ. ಪೂರ್ತಿ ಮಿಶ್ರಣಾನೇ ಕೈಕೊಟ್ರೆ ಕಡಲೆಹಿಟ್ಟಲ್ಲಿ ಅದ್ದಿ ಬೋಂಡ ಬಿಟ್ಬಿಡಿ, ಮುಂಚೆಯಿಂದ್ಲೂ ಬೋಂಡಾನೇ ಮಾಡೋದಿತ್ತು ಅಂತ ಹೇಳಿ. ನಂಗೆ ಆವತ್ತು ಅದು ಹೊಳೀಲಿಲ್ಲ.